ಡಬ್ಬಿಯ ತಳದಲ್ಲಿ ಒಂದು ಹಿಡಿ

ತಪ್ಪು ಕಂಡುಹಿಡಿಯುವುದು ಜಲಜಾಕ್ಷಿಗೆ ಕೆಲಸವೂ ಹೌದು, ಕಾಯಿಲೆಯೂ ಹೌದು. ಸಾಫ್ಟ್‌ವೇರ್ ಟೆಸ್ಟರ್ ಆಗಿ ಅದಕ್ಕೆ ಸಂಬಳ ತೆಗೆದುಕೊಳ್ಳಲು ಶುರುಮಾಡಿ ಇಪ್ಪತ್ತೇಳು ವರ್ಷವಾಯಿತು. ಸಂಬಳವಿಲ್ಲದೆ ಶುರುಮಾಡಿದ್ದು ಅದಕ್ಕೂ ಮುಂಚೆ. ಮೈಸೂರಿನಲ್ಲಿ ತನ್ನದೇ ಮದುವೆಯ ದಿನ, ಹೋಮದ ಹೊಗೆಗೆ ಕಣ್ಣಲ್ಲಿ ನೀರು ಸುರಿಯುತ್ತಿದ್ದರೂ, ಪುರೋಹಿತರು ಅಗ್ನಿಯ ಸುತ್ತ ಒಂದು ಸುತ್ತು ಕಡಿಮೆ ಬರಿಸಿದ್ದನ್ನು ಎಣಿಸಿಟ್ಟುಕೊಂಡು, "ಇನ್ನೊಂದು ಬಾಕಿ ಇದೆ" ಎಂದು ಮಂಟಪದಲ್ಲೇ ಹೇಳಿದವಳು ಅವಳು. ಗಂಡಿನ ಕಡೆಯವರು ಮುಖ ಮುಖ ನೋಡಿಕೊಂಡರು. ಗಂಡು ಮಾತ್ರ ಪಂಚೆ ಸರಿಮಾಡಿಕೊಂಡು ಎದ್ದು ನಿಂತು, ಇನ್ನೊಂದು ಸುತ್ತು ಬಂದ. ಆ ಗಂಡೇ ತ್ಯಾಗರಾಜ. ಅವತ್ತಿನಿಂದ ಇವತ್ತಿನವರೆಗೂ ಅವಳು ಹೇಳಿದ ಕಡೆ ಸುತ್ತುತ್ತಲೇ ಇದ್ದಾನೆ, ಬೇಜಾರೇನೂ ಇಲ್ಲ.

ಇದ್ದದ್ದು ಇದ್ದ ಹಾಗೆ ಹೇಳಿದರೆ ಎದ್ದು ಬಂದು ಎದೆಗೆ ಒದ್ದರಂತೆ ಎಂಬ ಗಾದೆ ನಮ್ಮಲ್ಲಿದೆ. ಊರಿನಲ್ಲಿ ಜಲಜಾಕ್ಷಿಗೆ ಒದೆ ಬೀಳಲಿಲ್ಲ ಅಷ್ಟೆ, ಬಾಯಿಬಡುಕಿ ಎಂಬ ಬಿರುದಂತೂ ಸಿಕ್ಕಿತ್ತು. ಹದಿನೇಳು ವರ್ಷದ ಹಿಂದೆ ಗಂಡ ಹೆಂಡತಿ ಇಬ್ಬರೂ ಕೆಲಸದ ಪರವಾನಗಿ ಹಿಡಿದು ನೆದರ್‌ಲ್ಯಾಂಡ್ಸ್‌ಗೆ ಬಂದರಲ್ಲ, ಅಲ್ಲಿ ಅದೇ ಬಾಯಿಗೆ ಬಡ್ತಿ ಸಿಕ್ಕಿತು. ಡಚ್ಚರು ಮುಖಕ್ಕೆ ಹೊಡೆದ ಹಾಗೆ ಮಾತಾಡುವ ಜನ, ಆಡಿಸಿಕೊಳ್ಳುವುದಕ್ಕೂ ತಯಾರಿರುವ ಜನ. ಮೀಟಿಂಗಿನಲ್ಲಿ ಮ್ಯಾನೇಜರನಿಗೆ "ನಿಮ್ಮ ಪ್ಲಾನ್ ತಪ್ಪು" ಎಂದರೆ ಆತ ಕಾಫಿ ತಂದುಕೊಟ್ಟು "ಎಲ್ಲಿ ತೋರಿಸಿ" ಎನ್ನುತ್ತಾನೆ. ಅವರ ಬಾಯಲ್ಲಿ ಅವಳ ಹೆಸರು ಯಲಯಾಕ್ಷಿ ಆಯಿತು. ಅದೊಂದು ತಪ್ಪನ್ನು ಮಾತ್ರ ತಿದ್ದಿ ತಿದ್ದಿ ಸಾಕಾಗಿ ಬಿಟ್ಟುಬಿಟ್ಟಿದ್ದಾಳೆ.

ಈ ಹದಿನೇಳು ವರ್ಷದಲ್ಲಿ ಅವರು ನಾಲ್ಕು ಬಾಡಿಗೆ ಮನೆ ಕಂಡರು. ಬಾಡ್‌ಹೂವೆಡಾರ್ಪ್‌ನ ಮನೆಯಲ್ಲಿ ವಿಮಾನ ಇಳಿಯುವಾಗಲೆಲ್ಲ ಲೋಟ ನಡುಗುತ್ತಿತ್ತು. ವೂರ್‌ಬರ್ಗ್‌ನ ಮಾಲೀಕಳು ಗೋಡೆಗೆ ಒಂದು ಮೊಳೆ ಹೊಡೆಯಲು ಬಿಡಲಿಲ್ಲ. ದೇವರಪಟಗಳು ಮೂರು ವರ್ಷ ಕುರ್ಚಿಯ ಮೇಲೆ ಕೂತಿದ್ದವು. ಈಗಿರುವುದು ಕಾಪೆಲ್ಲೆ ಆನ್ ಡೆನ್ ಐಸೆಲ್‌ನಲ್ಲಿ, ಆರನೇ ಮಹಡಿ. ಒಗ್ಗರಣೆ ಹಾಕಿದರೆ ಏಳನೆಯವರು ಕಿಟಕಿ ಮುಚ್ಚುವ ಸದ್ದು ಕೇಳುತ್ತದೆ. ಹೀಗಿರುವಾಗ ನಾಲ್ಕು ವರ್ಷದ ಹಿಂದೆ ತ್ಯಾಗರಾಜ ಹಳೆಯದೊಂದು ಕ್ಯಾರವಾನ್ ನೋಡಿಕೊಂಡು ಬಂದ. ಕಾರಿನ ಹಿಂದೆ ಕಟ್ಟಿ ಎಳೆದುಕೊಂಡು ಹೋಗುವ, ಎರಡು ಚಕ್ರದ ಮೇಲಿನ ಪುಟ್ಟ ಮನೆ. ನೋಂದಣಿ ಕಾಗದದಲ್ಲಿ ಜಲಜಾಕ್ಷಿಯ ಹೆಸರು ಬರೆಸಿದ. ಅವಳು ಅದರ ಒಲೆಯ ಮೇಲೆ ಹಾಲುಕ್ಕಿಸಿದಳು, ಒಳಗೆ ಒಂದು ಮೊಳೆ ಹೊಡೆದಳು, ದೇವರಪಟ ತೂಗುಹಾಕಿದಳು. ಆ ಮೊಳೆಯನ್ನು ಕೇಳುವವರು ಯಾರೂ ಇರಲಿಲ್ಲ. ಅವತ್ತು ಅವಳಿಗಾದ ಸಂತೋಷ ಇಷ್ಟೆಂದು ಹೇಳಲಾಗದು. ತಪ್ಪು ಹುಡುಕುವುದನ್ನೇ ಮರೆತು ಸಂಜೆಯವರೆಗೂ ಸುಮ್ಮನೆ ಕೂತಿದ್ದಳು.

ಕ್ಯಾರವಾನಿಗೆ ಒಂದು ಕಾನೂನು ಮಾಡಿದಳು. ಮನೆಯ ಅಡುಗೆ ತನ್ನದು, ಚಕ್ರದ ಮನೆಯ ಅಡುಗೆ ಗಂಡನದು. ಬೇಸಿಗೆಯಲ್ಲಿ ಜೀಲ್ಯಾಂಡಿನ ಸಮುದ್ರದ ದಂಡೆಯಲ್ಲಿ ಅವಳು ಕುರ್ಚಿ ಹಾಕಿಕೊಂಡು ಕಾಲು ಚಾಚಿ ಕೂರುತ್ತಾಳೆ, ಒಳಗೆ ತ್ಯಾಗರಾಜ ಬಿಸಿಬೇಳೆಬಾತಿಗೆ ಒದ್ದಾಡುತ್ತಾನೆ.

ಆದರೆ ಈ ದೇಶದಲ್ಲಿ ಬೇಸಿಗೆ ಬಂದ ನೆಂಟನಂತೆ, ಬ್ಯಾಗು ಇಳಿಸುವ ಮೊದಲೇ ಹೊರಟುಬಿಡುತ್ತದೆ. ಅಕ್ಟೋಬರ್ ಕೊನೆಗೆ ಕ್ಯಾರವಾನನ್ನು ಎಲ್ಲಾದರೂ ಒಳಗೆ ಸೇರಿಸಬೇಕು. ಬೀದಿಯಲ್ಲಿ ಕೆಲವು ದಿನಕ್ಕಿಂತ ಹೆಚ್ಚು ನಿಲ್ಲಿಸಿದರೆ ಖೆಮೇಂಟೆಯವರ, ಅಂದರೆ ಪುರಸಭೆಯವರ, ಪತ್ರ ಮನೆಗೆ ಬರುತ್ತದೆ. ಜಲಜಾಕ್ಷಿಯ ಕ್ಯಾರವಾನಿಗೆ ಜಾಗ ಸಿಕ್ಕಿದ್ದು ನದಿಯಾಚೆ, ಆರೀ ಎಂಬ ರೈತನ ಕೊಟ್ಟಿಗೆಯಲ್ಲಿ. ಆರೀಗೆ ಎಪ್ಪತ್ತೊಂದು ವರ್ಷ. ಹಸುಗಳನ್ನು ಕೊಟ್ಟುಬಿಟ್ಟ ಮೇಲೆ ಅದೇ ಕೊಟ್ಟಿಗೆಯಲ್ಲಿ ನಲವತ್ತಾರು ಕ್ಯಾರವಾನುಗಳನ್ನು ಕಟ್ಟಿಕೊಂಡಿದ್ದಾನೆ. ನೆಲದ ಮೇಲೆ ಸುಣ್ಣದಲ್ಲಿ ನಂಬರು, ಒಂದೊಂದು ನಂಬರಿಗೆ ಒಂದೊಂದು ಗಾಡಿ. ಸುತ್ತಮುತ್ತ ಇಂಥ ಬೇರೆ ಜಾಗಗಳಲ್ಲೆಲ್ಲ ಕಾಯುವವರ ಸಾಲು ಎರಡು ವರ್ಷದಷ್ಟು ಉದ್ದ. ಆರೀಯ ಕೊಟ್ಟಿಗೆ ತಪ್ಪಿದರೆ ಕ್ಯಾರವಾನನ್ನು ಮಾರುವುದೊಂದೇ ದಾರಿ.

ಈ ಏಪ್ರಿಲ್‌ನಲ್ಲಿ ಅದು ಇನ್ನೇನು ತಪ್ಪಿಹೋಗುವುದರಲ್ಲಿತ್ತು. ಚಳಿಗಾಲ ಮುಗಿಸಿ ಕ್ಯಾರವಾನ್ ಹೊರಗೆ ತರಲು ಹೋದಾಗ ಆರೀ ಬಾಗಿಲಲ್ಲೇ ನಿಂತಿದ್ದ. ಹದಿನಾಲ್ಕನೇ ನಂಬರಿನಲ್ಲಿ, ಅಂದರೆ ಇವರದ್ದರಲ್ಲಿ, ಇಲಿ ಸಂಸಾರ ಹೂಡಿದೆ. ಹಾಸಿಗೆಯ ಸ್ಪಂಜಿನಲ್ಲಿ ಬಾಣಂತನ ಮುಗಿಸಿ, ಮಕ್ಕಳು ಮರಿ ಸಮೇತ ಪಕ್ಕದ ಮೂರು ಗಾಡಿಗೆ ಹೋಗಿ ಪರದೆ ಕತ್ತರಿಸಿದೆ. ಆ ಮೂರರಲ್ಲಿ ಒಂದು ಆರೀಯದೇ. ಜಲಜಾಕ್ಷಿ ಹೊರಗೆ ನಿಂತು ಬೈಸಿಕೊಳ್ಳುತ್ತಿರುವಾಗ ತ್ಯಾಗರಾಜ ಒಳಗೆ ಹೋಗಿ ನೋಡಿಕೊಂಡು ಬಂದು, ಜಾಕೆಟ್ಟಿನ ಜಿಪ್ಪು ಕುತ್ತಿಗೆವರೆಗೂ ಎಳೆದುಕೊಂಡು, "ನನ್ನ ನಿಪ್ಪಟ್ಟಿಂದಾನೇ ಆಗಿರ್ಬೇಕು. ಸೀಟಿನ ಕೆಳಗೆ ಒಂದು ಪ್ಯಾಕೆಟ್ ಮರ್ತುಬಿಟ್ಟಿದ್ದೆ" ಎಂದ. ಆರೀ ಜೇಬಿನಿಂದ ಸೀಮೆಸುಣ್ಣ ತೆಗೆದು ಕ್ಯಾರವಾನಿನ ಬಾಗಿಲ ಮೇಲೆ ಒಂದು ಅಡ್ಡಗುರುತು ಎಳೆದ.

"ಮರೆತರೆ ಒಂದು ಗುರುತು. ಎರಡನೇ ಗುರುತು ಬಿದ್ದರೆ ಜಾಗ ಇಲ್ಲ. ತಿನ್ನುವ ಪದಾರ್ಥ ಗೊತ್ತಿದ್ದೂ ಇಟ್ಟವರಿಗೆ ಗುರುತೂ ಇಲ್ಲ, ಅವತ್ತೇ ಹೊರಗೆ. ನಿಮ್ಮ ನಂಬರಿಗೆ ಖೌಡಾ ಊರಿನ ಒಬ್ಬಳು ಕಾಯುತ್ತಿದ್ದಾಳೆ" ಎಂದು ಡಚ್ಚಿನಲ್ಲಿ ನಿಧಾನವಾಗಿ, ಅರ್ಥವಾಗಲಿ ಎಂದು ಬಿಡಿಸಿ ಹೇಳಿದ.

ಅವತ್ತಿನಿಂದ ತ್ಯಾಗರಾಜನ ಗ್ರಹಚಾರ ಕೆಟ್ಟಿತು. ಕ್ಯಾರವಾನಿನೊಳಗೆ ನಿಪ್ಪಟ್ಟಿಗೆ ಪ್ರವೇಶವಿಲ್ಲ ಎಂದು ಜಲಜಾಕ್ಷಿ ಆಜ್ಞೆ ಮಾಡಿದಳು. ಪಾಪ, ಇಡೀ ಬೇಸಿಗೆ ಆತ ಸಮುದ್ರದ ಗಾಳಿಯಲ್ಲಿ, ಜಡಿಮಳೆಯಲ್ಲಿ, ಛತ್ರಿ ಹಿಡಿದು ಹೊರಗೆ ನಿಂತು ನಿಪ್ಪಟ್ಟು ತಿಂದ. ಪಕ್ಕದ ಟೆಂಟಿನ ಮುದುಕ ಇದು ಯಾವುದೋ ಪೂಜೆ ಇರಬೇಕೆಂದು ದಿನವೂ ಗೌರವದಿಂದ ತಲೆಬಾಗುತ್ತಿದ್ದ. ಅದು ಸಾಲದೆಂಬಂತೆ, ಅದೇ ಏಪ್ರಿಲ್‌ನಲ್ಲಿ, ಹಲ್ಲು ಕಟಕಟ ಎನ್ನುವ ಚಳಿಯಲ್ಲಿ, ತ್ಯಾಗರಾಜನಿಗೆ ಎಲ್ಲಿಲ್ಲದ ಐಸ್‌ಕ್ರೀಮಿನ ಆಸೆ ಹುಟ್ಟಿ ಎರಡೇ ದಿನದಲ್ಲಿ ಒಂದು ಲೀಟರು ಒಬ್ಬನೇ ಮುಗಿಸಿದ. ನಾಲ್ಕು ದಿನ ಗಂಟಲು ಕಟ್ಟಿ ಮಾತೇ ಹೊರಡಲಿಲ್ಲ. "ವಯಸ್ಸಾಗ್ತಾ ಆಗ್ತಾ ಮಗು ಆಗ್ತಿದ್ದೀರ" ಎಂದು ಬೈದುಕೊಂಡೇ ಅವಳು ಕಷಾಯ ಕಾಸಿ ಕೊಟ್ಟಿದ್ದಳು.

ಹೀಗೆ ಅಕ್ಟೋಬರಿನ ಕೊನೆಯ ಶನಿವಾರ ಬಂತು. ಮಾರನೇ ದಿನ ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸುವ ದಿನ. ಸಂಜೆ ನಾಲ್ಕಕ್ಕೆ ಆರೀ ಕೊಟ್ಟಿಗೆಯ ದೊಡ್ಡ ಬಾಗಿಲು ಹಾಕಿದರೆ ಮತ್ತೆ ತೆಗೆಯುವುದು ಏಪ್ರಿಲ್‌ಗೆ. ಹದಿನಾಲ್ಕನೇ ನಂಬರನ್ನು ಈ ಸಲ ಒಳಗೆ ಬಿಡುವ ಮೊದಲು ಸ್ವತಃ ತಾನೇ ತಪಾಸಣೆ ಮಾಡುತ್ತೇನೆಂದು ಆರೀ ಮೊದಲೇ ತಿಳಿಸಿದ್ದ. ಕೊಟ್ಟಿಗೆಯ ಮುಂದಿನ ಅಂಗಳದಲ್ಲಿ ಕ್ಯಾರವಾನ್ ನಿಲ್ಲಿಸಿ, ಜಲಜಾಕ್ಷಿ ತನ್ನ ಪಟ್ಟಿ ಹೊರಗೆ ತೆಗೆದಳು. ನಲವತ್ಮೂರು ಸಾಲು. ಖ್ರೋನಿಂಗೆನ್‌ನಲ್ಲಿ ಓದುತ್ತಿರುವ ಮಗಳು ಸ್ಮೃತಿ ಇದಕ್ಕೆ 'ಅಮ್ಮನ ಸಂವಿಧಾನ' ಎಂದು ಹೆಸರಿಟ್ಟಿದ್ದಳು.

"ಒಂದು. ವಾಟರ್ ಟ್ಯಾಂಕ್," ಎಂದಳು ಜಲಜಾಕ್ಷಿ.

"ಖಾಲಿ," ಎಂದ ತ್ಯಾಗರಾಜ ಚಕ್ರದ ಪಕ್ಕದಿಂದ.

"ಟ್ಯಾಪ್ ಎಲ್ಲಾ ಓಪನ್ ಬಿಟ್ರಾ? ಪೈಪಲ್ಲಿ ನೀರು ನಿಂತ್ರೆ ಐಸ್ ಆಗಿ ಒಡೆಯುತ್ತೆ."

"ಊದಿನೂ ನೋಡ್ದೆ. ನಾದಸ್ವರ ಕಲಿತಿದ್ರೆ ಇನ್ನೂ ಈಸಿ ಆಗ್ತಿತ್ತು."

ಅವಳು ನಗಲಿಲ್ಲ, ಪಟ್ಟಿಯಲ್ಲಿ ಗೀಟು ಹಾಕಿದಳು. ಗ್ಯಾಸ್ ಸಿಲಿಂಡರು ಕಾರಿನ ಡಿಕ್ಕಿಗೆ ಹೋಯಿತು. ಬ್ಯಾಟರಿ ಬಿಚ್ಚಿ ಟವೆಲಿನಲ್ಲಿ ಸುತ್ತಿದ್ದಾಯಿತು. ಮುಚ್ಚಿಟ್ಟರೆ ಬೂಸ್ಟು ಬರುತ್ತದೆಂದು ಫ್ರಿಜ್ಜಿನ ಬಾಗಿಲಿಗೆ ಬಟ್ಟೆ ಕ್ಲಿಪ್ಪು ಸಿಕ್ಕಿಸಿ ಅರೆ ತೆರೆದಿಟ್ಟಳು. ಹೊಸ ಸ್ಪಂಜಿನ ಹಾಸಿಗೆಗಳನ್ನು ಗಾಳಿಯಾಡಲೆಂದು ನಿಲ್ಲಿಸಿಟ್ಟಳು. ಕಿಟಕಿಯ ರಬ್ಬರು ಅಂಟಿಕೊಳ್ಳಬಾರದೆಂದು ತನ್ನ ಮುಖಕ್ಕೆ ಹಚ್ಚುವ ಪೌಡರನ್ನೇ ಧಾರಾಳವಾಗಿ ಬಳಿದಳು, ಇಡೀ ಕ್ಯಾರವಾನ್ ಮದುವೆಮನೆಯ ಹಾಗೆ ಘಮಘಮ ಎಂದಿತು. ಹದಿನೇಳನೇ ಸಾಲು ಬಂದಾಗ ಕೊಂಚ ಜೋರಾಗಿಯೇ ಓದಿದಳು.

"ಹದಿನೇಳು. ಯಜಮಾನರ ನಿಪ್ಪಟ್ಟು. ಜೇಬು ತೋರ್ಸಿ."

ತ್ಯಾಗರಾಜ ಎರಡೂ ಜೇಬು ಹೊರಗೆಳೆದು ತೋರಿಸಿದ. ಒಂದು ಬಸ್ ಟಿಕೆಟ್ಟು ಬಿತ್ತು. ಅವಳು ಸೀಟಿನ ಕೆಳಗೆಲ್ಲ ಟಾರ್ಚು ಹಾಕಿ, ಮೂಲೆ ಮೂಲೆಗೆ ವ್ಯಾಕ್ಯೂಮ್ ಹಿಡಿದು, ಕಡೆಗೆ ಮಂಡಿಯೂರಿ ಬರಿಗೈಯಲ್ಲಿ ನೆಲ ಸವರಿದಳು. ಒಂದು ಸಾಸಿವೆ ಕಾಳೂ ಸಿಗಲಿಲ್ಲ. ನಲವತ್ಮೂರನೇ ಸಾಲಿಗೆ ಗೀಟು ಹಾಕಿದಾಗ ಮೂರು ಗಂಟೆ ಇಪ್ಪತ್ತು ನಿಮಿಷ. ತ್ಯಾಗರಾಜ ಹೊರಗೆ ಎರಡನೇ ಚಕ್ರಕ್ಕೆ ಗಾಳಿ ಹೊಡೆಯುತ್ತಿದ್ದ. ಪಂಪಿನ ಸದ್ದು ಸೊಂಯ್ ಸೊಂಯ್ ಎಂದು ಕೇಳುತ್ತಿತ್ತು.

ಇನ್ನು ಉಳಿದದ್ದು ಮನೆಗೆ ಒಯ್ಯುವ ಅಡುಗೆ ಸಾಮಾನು. ಜಲಜಾಕ್ಷಿ ಮೇಲಿನ ಕಪಾಟಿನಿಂದ ಅಕ್ಕಿಯ ಡಬ್ಬಿ ಇಳಿಸಿದಳು. ಹಳೆಯ ಐಸ್‌ಕ್ರೀಮಿನ ಪ್ಲಾಸ್ಟಿಕ್ ಡಬ್ಬಿ, ನೀಲಿ ಮುಚ್ಚಳ. ಉಳಿದ ಅಕ್ಕಿಯನ್ನು ಚೀಲಕ್ಕೆ ಸುರಿದು, ಡಬ್ಬಿ ತಿರುಗಿಸಿ ತಟ್ಟುವ ಬದಲು ತಳದಲ್ಲಿ ಒಂದು ಹಿಡಿ ಹಾಗೇ ಉಳಿಸಿ, ಮುಚ್ಚಳ ಒತ್ತಿ, ಕಪಾಟಿನ ಹಿಂದಕ್ಕೆ ತಳ್ಳಿದಳು. ಇದನ್ನೇನೂ ಅವಳು ಯೋಚಿಸಿ ಮಾಡಲಿಲ್ಲ. ಬೀಗ ಹಾಕಿ ಹೊರಡುವ ಮನೆಯಲ್ಲಿ ಅಕ್ಕಿಯ ಡಬ್ಬಿ ಬರಿದು ಬಿಡಬಾರದೆಂದು ಅಜ್ಜಿ ಮಾಡುತ್ತಿದ್ದಳು, ಅಮ್ಮ ಮಾಡುತ್ತಿದ್ದಳು, ಇವಳ ಕೈಯೂ ಮಾಡುತ್ತದೆ. ನಾಲ್ಕು ಬಾಡಿಗೆ ಮನೆಯಲ್ಲೂ ರಜೆಗೆ ಹೊರಡುವಾಗ ಮಾಡಿದ್ದಾಳೆ. ಅದು ಪಟ್ಟಿಯಲ್ಲಿರಲಿಲ್ಲ, ಯಾಕೆಂದರೆ ಉಸಿರಾಡುವುದನ್ನು ಯಾರೂ ಪಟ್ಟಿಯಲ್ಲಿ ಬರೆದುಕೊಳ್ಳುವುದಿಲ್ಲ.

ಅವಳನ್ನು ತಡೆದದ್ದು ಅವಳ ಹೆಬ್ಬೆರಳು. ಈ ಡಬ್ಬಿಯ ಒಂದು ಮೂಲೆ ಒಲೆಯ ಶಾಖಕ್ಕೆ ಸೊಟ್ಟಗಾಗಿತ್ತು. ಮೊದಲ ಬೇಸಿಗೆಯಲ್ಲಿ ಅವಳೇ ಒಲೆಯ ಪಕ್ಕ ಇಟ್ಟು ಕರಗಿಸಿದ್ದು. ಆ ಮೂಲೆಯಲ್ಲಿ ಮುಚ್ಚಳವನ್ನು ಎರಡು ಸಲ ಒತ್ತಬೇಕು. ಹೆಬ್ಬೆರಳು ಒತ್ತಲು ಹೋದರೆ ಸೊಟ್ಟ ಮೂಲೆಯೇ ಇಲ್ಲ. ಡಬ್ಬಿಯನ್ನು ಮತ್ತೆ ಇಳಿಸಿ ನಾಲ್ಕು ಕಡೆ ತಿರುಗಿಸಿ ನೋಡಿದಳು. ಹೊಚ್ಚಹೊಸದು; ಬೇಸಿಗೆಯೆಲ್ಲ ಇಲ್ಲಿನ ಅಡುಗೆ ಗಂಡನದಾದ್ದರಿಂದ ಅದು ಅವಳ ಕೈಗೆ ಬಂದಿರಲೇ ಇಲ್ಲ. ಅದೇ ಕಂಪನಿ, ಅದೇ ವೆನಿಲಾ, ಒಂದು ಲೀಟರು.

ಒಂದು ಲೀಟರು ವೆನಿಲಾ. ಏಪ್ರಿಲ್. ಕಟ್ಟಿದ ಗಂಟಲು.

"ರೀ, ಇದು ಯಾವ ಡಬ್ಬಿ?"

ಪಂಪಿನ ಸದ್ದು ನಿಂತಿತು. ಸ್ವಲ್ಪ ಹೊತ್ತಿಗೆ ತ್ಯಾಗರಾಜನ ತಲೆ ಬಾಗಿಲಲ್ಲಿ ಕಾಣಿಸಿತು. ಅವನು ಡಬ್ಬಿಯನ್ನು ನೋಡಿದ, ಹೆಂಡತಿಯನ್ನು ನೋಡಿದ, ಸುಳ್ಳು ಹೇಳುವ ಪ್ರಯತ್ನವನ್ನೇ ಮಾಡಲಿಲ್ಲ.

"ಹಳೇದಕ್ಕೆ ಇಷ್ಟು ದೊಡ್ಡ ತೂತಾಗಿತ್ತು. ಒಳಗೆ ಒಂದು ಕಾಳು ಅಕ್ಕಿ ಇರ್ಲಿಲ್ಲ. ಜಾಕೆಟ್ ಒಳಗೆ ಇಟ್ಕೊಂಡು ಬಂದೆ," ಎಂದ.

"ನಿಪ್ಪಟ್ಟು?"

"ನಿಪ್ಪಟ್ಟು ಇರ್ಲೇ ಇಲ್ಲ. ನಾನು ನಿಪ್ಪಟ್ಟು ಮರೆಯೋ ಮನುಷ್ಯನಾ, ನೀನೇ ಹೇಳು."

ಜಲಜಾಕ್ಷಿ ನಿಲ್ಲಿಸಿಟ್ಟ ಹಾಸಿಗೆಯ ಪಕ್ಕದ ಬರೀ ಹಲಗೆಯ ಮೇಲೆ ಕೂತಳು. ಊರವರ ತಪ್ಪನ್ನೆಲ್ಲ ಹುಡುಕಿದವಳ ಕೈಯಲ್ಲೇ ತಪ್ಪು ಕೂತಿತ್ತು, ಈಗಷ್ಟೇ ಅದೇ ಕೈ ಅದನ್ನೇ ಮತ್ತೆ ಮಾಡಿತ್ತು. ಆರು ತಿಂಗಳು ಈ ಮನುಷ್ಯನನ್ನು ಮಳೆಯಲ್ಲಿ ನಿಲ್ಲಿಸಿದ್ದು ನೆನಪಾಗಿ ಅವಳಿಗೆ ನಾಚಿಕೆಯಾಯಿತು.

"ಯಾಕ್ರೀ ಹೇಳ್ಲಿಲ್ಲ?"

"ನೀನು ಬೈಯೋಕೆ ನಾನಿದ್ದೀನಿ. ನಿನ್ನನ್ನ ನೀನೇ ಬೈಕೊಳ್ಳೋಕೆ ಶುರು ಮಾಡಿದ್ರೆ ನಿಲ್ಸೋರು ಯಾರು? ಸೆಪ್ಟೆಂಬರ್‌ವರೆಗೂ ನಿದ್ದೆ ಮಾಡ್ತಿರ್ಲಿಲ್ಲ ನೀನು. ಅಕ್ಕಿನ ಇವತ್ತು ನೀನು ಆಚೆ ತಿರುಗಿದಾಗ ನಾನೇ ಸುರ್ಕೊಂಡು ಬಿಡೋಣ ಅಂತಿದ್ದೆ. ಈಗ್ಲೂ ಏನಾಗಿಲ್ಲ. ಚೀಲಕ್ಕೆ ಸುರಿ, ಆರೀ ನೋಡೋದು ಖಾಲಿ ಡಬ್ಬಿ. ನಿಪ್ಪಟ್ಟಿನ ಮೇಲೆ ಕೇಸ್ ಹಾಕಿ ಆಗಿದೆ, ಮುಗೀತು."

"ತಪ್ಪು ಕಾರಣ ಬರೆದು ಕ್ಲೋಸ್ ಮಾಡಿದ ಬಗ್ ವಾಪಸ್ ಬರುತ್ತೆ," ಎಂದಳು ಜಲಜಾಕ್ಷಿ. ಪ್ರೋಗ್ರಾಮಿನೊಳಗಿನ ತಪ್ಪಿಗೆ ಬಗ್ ಎನ್ನುವ ಅವಳ ಕಸುಬಿನಲ್ಲಿ ಅದು ಮೊದಲ ಪಾಠ. "ಆಮೇಲೆ, ಆ ಮನುಷ್ಯನ ಪರದೆ ಹೋಗಿದೆ ಕಣ್ರೀ. ಹೇಳ್ಬೇಕು."

"ಗೊತ್ತಿದ್ದೂ ಇಟ್ಟವರು ಅವತ್ತೇ ಹೊರಗೆ ಅಂದಿದ್ದಾನೆ."

"ಅಂದಿದ್ದಾನೆ."

ಆರೀ ಬರುವುದು ಕಾಣಿಸಿತು. ಒಂದು ಕೈಯಲ್ಲಿ ಟಾರ್ಚು, ಇನ್ನೊಂದರಲ್ಲಿ ಬಕೆಟ್ಟು. ಬಕೆಟ್ಟನ್ನು ಮೆಟ್ಟಿಲ ಹತ್ತಿರ ಇಟ್ಟು, ಶೂ ಒರೆಸಿಕೊಂಡು ಒಳಗೆ ಬಂದ. ಅವನು ಟಾರ್ಚು ಹಚ್ಚುವ ಮೊದಲೇ ಜಲಜಾಕ್ಷಿ ಡಬ್ಬಿಯ ಮುಚ್ಚಳ ತೆಗೆದು ಅವನ ಮುಂದಿಟ್ಟಳು. ತನ್ನ ಮುರುಕು ಡಚ್ಚಿನಲ್ಲಿ, ಹೆದರಿಕೆಯಿಂದ ಇನ್ನಷ್ಟು ಮುರಿದ ಡಚ್ಚಿನಲ್ಲಿ, ಎಲ್ಲ ಹೇಳಿದಳು. ಹೋದ ಚಳಿಗಾಲ ಇಲಿ ಬಂದದ್ದು ಗಂಡನ ತಿಂಡಿಗಲ್ಲ, ತನ್ನ ಅಕ್ಕಿಗೆ. ಮರೆತು ಇಟ್ಟದ್ದಲ್ಲ. ಪ್ರತಿ ವರ್ಷ ಇಡುತ್ತೇನೆ. ಈ ವರ್ಷವೂ ಇಟ್ಟೆ, ಹತ್ತು ನಿಮಿಷದ ಹಿಂದೆ.

ಹೊರಗೆ ಪಂಪು ಹಿಡಿದು ನಿಂತಿದ್ದ ತ್ಯಾಗರಾಜ ಕಣ್ಣು ಮುಚ್ಚಿಕೊಂಡ.

"ಯಾಕೆ?" ಎಂದ ಆರೀ.

"ನಮ್ಮಲ್ಲಿ ಅಕ್ಕಿಯ ಡಬ್ಬಿ ಖಾಲಿ ಬಿಟ್ಟರೆ ಆ ಮನೆಗೆ ಮತ್ತೆ ಬರುವುದಿಲ್ಲ ಅಂತ ಅರ್ಥ. ಒಂದು ಹಿಡಿ ಇದ್ದರೆ, ಇಲ್ಲಿ ಜನ ಇದ್ದಾರೆ, ಬರುತ್ತಾರೆ ಅಂತ."

ಆರೀ ಡಬ್ಬಿಯೊಳಗೆ ಟಾರ್ಚು ಬಿಟ್ಟು ನೋಡಿದ. "ಇಲಿಗಳಿಗೂ ಅದು ಸರಿಯಾಗಿಯೇ ಅರ್ಥವಾಗಿದೆ," ಎಂದ. ಕೋಟಿನ ಜೇಬಿಗೆ ಕೈ ಹಾಕಿ ಸೀಮೆಸುಣ್ಣ ತೆಗೆದ. ಜಲಜಾಕ್ಷಿ ಗೋಡೆಯ ಮೇಲಿದ್ದ ತನ್ನ ಮೊಳೆಯನ್ನು ನೋಡಿದಳು. ಇವತ್ತೇ ಇದನ್ನು ಕೀಳಬೇಕಾದೀತು ಎಂದುಕೊಂಡಳು.

"ಇಪ್ಪತ್ತೆರಡು ವರ್ಷದಿಂದ ಗಾಡಿ ನಿಲ್ಲಿಸುತ್ತಿದ್ದೇನೆ," ಎಂದ ಆರೀ. "ಪ್ರತಿ ವರ್ಷ ಎಲ್ಲಾದರೂ ಇಲಿ ಇದ್ದೇ ಇರುತ್ತದೆ. ಇಲ್ಲಿಯವರೆಗೂ ಒಬ್ಬನಾದರೂ 'ನನ್ನಿಂದ' ಅಂದಿಲ್ಲ. ಕೇಳಿದರೆ ಇಲಿಗಳೆಲ್ಲ ಟ್ರಾಮ್ ಹತ್ತಿ ತಾವಾಗಿ ಬಂದ ಹಾಗೆ ಮಾತಾಡುತ್ತಾರೆ." ಸೀಮೆಸುಣ್ಣವನ್ನು ಬೆರಳಲ್ಲಿ ತಿರುಗಿಸಿದ. "ಹೇಳಿದವರನ್ನೇ ಹೊರಗೆ ಹಾಕಿದರೆ ಮುಂದೆ ಯಾರೂ ಹೇಳುವುದಿಲ್ಲ. ಆದರೆ ಅಕ್ಕಿ ಒಳಗೆ ಹೋಗುವ ಹಾಗಿಲ್ಲ."

ಬೇರೆ ಯಾರಾದರೂ ಆಗಿದ್ದರೆ ಅಷ್ಟಕ್ಕೇ ಕೈಮುಗಿದು ಡಬ್ಬಿ ಖಾಲಿ ಮಾಡುತ್ತಿದ್ದರು. ಆದರೆ ಇವಳು ಜಲಜಾಕ್ಷಿ.

"ಡಬ್ಬಿ ಖಾಲಿ ಬಿಡುವ ಹಾಗಿಲ್ಲ," ಎಂದಳು.

ಇಬ್ಬರೂ ಡಬ್ಬಿಯ ಎರಡು ಕಡೆ ನಿಂತರು. ಇಬ್ಬರೂ ಹಠಮಾರಿಗಳೇ. ಗಂಟೆ ಮೂರೂ ಮುಕ್ಕಾಲು. ಹೊರಗೆ ತಲೆ ತಗ್ಗಿಸಿ ನಿಂತಿದ್ದ ತ್ಯಾಗರಾಜನ ಕಣ್ಣಿಗೆ ಬಕೆಟ್ಟು ಬಿತ್ತು. ಅದರ ತುಂಬ ಕಲ್ಲುಪ್ಪಿನ ಹಾಗೆ ದಪ್ಪ ಉಪ್ಪು.

"ಇದು ಯಾಕೆ?" ಎಂದು ಡಚ್ಚಿನಲ್ಲಿ ಕೇಳಿದ.

"ತೇವ ಹೀರಲು. ಎಲ್ಲರ ಗಾಡಿಯಲ್ಲೂ ಒಂದು ಬಟ್ಟಲು ಇಡುತ್ತೇನೆ. ನೀವು ತೇವ ಹೀರುವ ಅಂಗಡಿಯ ಪೊಟ್ಟಣ ತೂಗುಹಾಕುತ್ತೀರಿ, ಅದಕ್ಕೆ ನಿಮಗೆ ಕೊಟ್ಟಿರಲಿಲ್ಲ."

"ಜಲಜಾ," ಎಂದ ತ್ಯಾಗರಾಜ ಕನ್ನಡದಲ್ಲಿ, ಮೆಲ್ಲಗೆ. "ಹೊಸ ಮನೆಗೆ ಮೊದ್ಲು ಏನು ತಗೊಂಡು ಹೋಗ್ತಾರೆ? ನಿಮ್ಮಜ್ಜಿ ಏನು ತಗೊಂಡು ಹೋಗ್ತಿದ್ರು?"

ಅಜ್ಜಿ ಉಪ್ಪು ಒಯ್ಯುತ್ತಿದ್ದಳು. ಉಪ್ಪು, ಅರಿಶಿನ, ಆಮೇಲೆ ಅಕ್ಕಿ. ಉಪ್ಪೂ ಲಕ್ಷ್ಮಿಯೇ.

"ಉಪ್ಪು ಇಡಬಹುದಾ?" ಎಂದು ಜಲಜಾಕ್ಷಿ ಆರೀಯನ್ನು ಕೇಳಿದಳು.

"ಇಡಬಹುದಾ ಅಂತ ಏನು, ಇಡಲೇಬೇಕು," ಎಂದ ಆರೀ. ಬಕೆಟ್ಟಿನಿಂದ ಒಂದು ದೊಡ್ಡ ಹಿಡಿ ಎತ್ತಿ ಅವಳ ಕೈಗೆ ಚಾಚಿದ.

ಜಲಜಾಕ್ಷಿ ಕೈ ಹಿಂದಕ್ಕೆ ಎಳೆದುಕೊಂಡಳು. ಉಪ್ಪನ್ನು ಕೈಯಿಂದ ಕೈಗೆ ಕೊಟ್ಟರೆ ಜಗಳವಾಗುತ್ತದೆ. ಪ್ರಪಂಚದಲ್ಲಿ ಈ ಹೊತ್ತಿಗೆ ಅವಳಿಗೆ ಯಾರೊಂದಿಗಾದರೂ ಜಗಳ ಬೇಡವಾಗಿದ್ದರೆ ಅದು ಆರೀಯೊಂದಿಗೆ. ಅಕ್ಕಿಯನ್ನು ಕೊನೆಯ ಕಾಳಿನವರೆಗೂ ಚೀಲಕ್ಕೆ ತಟ್ಟಿ, ಡಬ್ಬಿಯನ್ನು ಹಲಗೆಯ ಮೇಲಿಟ್ಟು, "ಇದರಲ್ಲಿ ಹಾಕಿ" ಎಂದು ತೋರಿಸಿದಳು. ಕಾರಣ ಕೇಳಿದರೆ ಇನ್ನೂ ಒಂದು ಕಥೆ ಹೇಳುತ್ತಾಳೆಂದು ಆರೀಗೆ ಅಷ್ಟರಲ್ಲಿ ಗೊತ್ತಾಗಿರಬೇಕು. ಏನೂ ಕೇಳದೆ ಸುರಿದ. ಉಪ್ಪು ಡಬ್ಬಿಯ ತಳ ಮುಚ್ಚಿತು.

"ಉಪ್ಪಿಟ್ಟವರನ್ನ ಮುಪ್ಪಿನ ತನಕ ನೆನೆ ಅಂತಾರೆ ನಮ್ಮಲ್ಲಿ," ಎಂದ ತ್ಯಾಗರಾಜ, ಡಚ್ಚಿಗೆ ಹೇಗೋ ತಿರುಗಿಸಿ. "ಉಪ್ಪು ಕೊಟ್ಟವರನ್ನು ವಯಸ್ಸಾಗುವವರೆಗೂ ಮರೆಯಬಾರದು."

"ನನಗೆ ಆಗಲೇ ವಯಸ್ಸಾಗಿದೆ. ಬೇಗ ನೆನೆಯಿರಿ," ಎಂದ ಆರೀ. ಇಳಿದು ಹೋಗುವಾಗ ಏಪ್ರಿಲ್‌ನ ಅಡ್ಡಗುರುತನ್ನು ಕೋಟಿನ ತೋಳಿನಿಂದ ಉಜ್ಜಿದ. ಪೂರ್ತಿ ಹೋಗಲಿಲ್ಲ, ಆದರೆ ಗುರುತೆಂದು ಹೇಳಿದರೆ ಮಾತ್ರ ಗೊತ್ತಾಗುವಷ್ಟು ಉಳಿಯಿತು. ನಾಲ್ಕಕ್ಕೆ ಐದು ನಿಮಿಷ ಇರುವಾಗ ಅವನ ಪುಟ್ಟ ಟ್ರ್ಯಾಕ್ಟರು ಹದಿನಾಲ್ಕನೇ ನಂಬರಿನ ಮೇಲೆ ಕ್ಯಾರವಾನನ್ನು ತಳ್ಳಿ ನಿಲ್ಲಿಸಿತು. ದೊಡ್ಡ ಬಾಗಿಲು ಮುಚ್ಚಿತು.

ಕಾರಿನಲ್ಲಿ ಜಲಜಾಕ್ಷಿ ಪಟ್ಟಿಯನ್ನು ಮತ್ತೆ ಬಿಡಿಸಿ ತೊಡೆಯ ಮೇಲೆ ಇಟ್ಟುಕೊಂಡಳು. ಕೊನೆಯಲ್ಲಿ ನಲವತ್ನಾಲ್ಕನೇ ಸಾಲು ಬರೆದಳು: ಡಬ್ಬಿಗೆ ಉಪ್ಪು, ಆರೀ ಕೈಯಿಂದ. ಆಮೇಲೆ ಹಾಳೆಯ ಮಧ್ಯಕ್ಕೆ ಬಂದು ಒಂದು ಸಾಲನ್ನು ಉದ್ದಕ್ಕೂ ಹೊಡೆದುಹಾಕಿದಳು, ಪೆನ್ನು ಹಾಳೆ ಹರಿಯುವಷ್ಟು ಒತ್ತಿ.

ತ್ಯಾಗರಾಜ ರಸ್ತೆಯಿಂದ ಕಣ್ಣು ತೆಗೆಯದೆ ಕೇಳಿದ. "ಏನು ಹೊಡ್ದೆ?"

"ಹದಿನೇಳು."

ನದಿಯ ಸೇತುವೆ ದಾಟಿದ ಮೇಲೆ ಅವನು ಮತ್ತೆ ಕೇಳಿದ. "ಹಾಗಾದ್ರೆ ದೀಪಾವಳಿಗೆ ನಿಪ್ಪಟ್ಟು ಕರೀತೀಯಾ?"

"ಕರೀತೀನಿ. ಏಪ್ರಿಲ್‌ಗೂ ಕರೀತೀನಿ," ಎಂದಳು ಜಲಜಾಕ್ಷಿ, ಕಿಟಕಿಯ ಕಡೆ ತಿರುಗಿ ಕಣ್ಣೊರೆಸಿಕೊಳ್ಳುತ್ತಾ. "ಒಳಗೇ ಕೂತ್ಕೊಂಡು ತಿನ್ನಿ."